ಹಳಿಯಿಲ್ಲದ ಸೀಮೆಯೂ ಆಟದ ರೈಲೂ

ಕೊಳ್ಳೇಗಾಲದ ಬಸ್ಸು ನಿಲ್ದಾಣದಲ್ಲಿ ನಿಂತು, "ಸ್ವಾಮಿ, ಇಲ್ಲಿ ರೈಲು ನಿಲ್ದಾಣ ಎಲ್ಲಿದೆ?" ಎಂದು ಯಾರನ್ನಾದರೂ ಕೇಳಿದರೆ, ಅವರು ಕೇಳಿದವನನ್ನು ಅಡಿಯಿಂದ ಮುಡಿಯವರೆಗೆ ಒಮ್ಮೆ ನೋಡಿ, "ಚಾಮರಾಜನಗರದ ಬಸ್ಸು ಹತ್ತಿ" ಎನ್ನುತ್ತಾರೆ. ಅಲ್ಲಿಗೆ ಸುಮಾರು 40 ಕಿಲೋಮೀಟರು. ಯಳಂದೂರಿನವರು ದಾರಿಯ ನಡುವೆ ಇರುವುದರಿಂದ ಅವರಿಗೆ ಕೊಂಚ ಹತ್ತಿರ. ಹನೂರಿನವರಿಗೆ ಇನ್ನಷ್ಟು ದೂರ. ಮಹದೇಶ್ವರನ ಬೆಟ್ಟದ ತಪ್ಪಲಿನಿಂದ ಬಿಳಿಗಿರಿರಂಗನ ಬೆಟ್ಟದ ಅಡಿಯವರೆಗೆ ಹರಡಿರುವ ಈ ಸೀಮೆಯಲ್ಲಿ ರೈಲಿನ ಕೂಗನ್ನು ಕೇಳದೆಯೇ ಮುಪ್ಪಾದವರು ಎಷ್ಟೋ ಮಂದಿ. ಮೈಸೂರಿನಿಂದ ಹೊರಟ ಹಳಿ 1891ರಲ್ಲಿ ನಂಜನಗೂಡನ್ನು ಮುಟ್ಟಿತು. 1926ರಲ್ಲಿ ಚಾಮರಾಜನಗರಕ್ಕೆ ಬಂದು ಅಲ್ಲಿಯೇ ಕುಳಿತುಬಿಟ್ಟಿತು. ಆಗ ಕೊಳ್ಳೇಗಾಲವು ಮದರಾಸಿನ ಕೊಯಮತ್ತೂರು ಜಿಲ್ಲೆಗೆ ಸೇರಿದ್ದ ತಾಲ್ಲೂಕು. ದಿವಾನ್ ಪೂರ್ಣಯ್ಯನವರಿಗೆ ಜಹಗೀರಿಯಾಗಿ ದೊರೆತಿದ್ದ ಯಳಂದೂರು ಮೈಸೂರಿನದು. ಅತ್ತ ಮದರಾಸಿಗೂ ಇದು ಅಂಚು, ಇತ್ತ ಮೈಸೂರಿಗೂ ಇದು ಅಂಚು. ಅಂಚಿನಲ್ಲಿರುವವರ ಎಲೆಗೆ ಪಾಯಸ ಬರುವ ಹೊತ್ತಿಗೆ ಸೌಟು ಖಾಲಿಯಾಗಿರುವುದು ಸಹಜವೇ!

1956ರ ನವೆಂಬರ್ 1ರಂದು ಕೊಳ್ಳೇಗಾಲ ಮೈಸೂರು ರಾಜ್ಯಕ್ಕೆ ಸೇರಿತು. ಹೆಜ್ಜಾಲದಿಂದ ಕನಕಪುರ, ಮಳವಳ್ಳಿ, ಕೊಳ್ಳೇಗಾಲ, ಯಳಂದೂರುಗಳನ್ನು ಹಾಯ್ದು ಚಾಮರಾಜನಗರವನ್ನು ಸೇರುವ ಹೊಸ ಮಾರ್ಗಕ್ಕೆ 1996-97ರಲ್ಲಿ ಮಂಜೂರಾತಿಯೂ ದೊರೆಯಿತು. ಕಾಗದದ ಮೇಲೆ ರೈಲು ಬಹಳ ವೇಗವಾಗಿಯೇ ಓಡಿತು. ನೆಲದ ಮೇಲೆ ಮಾತ್ರ ಇನ್ನೂ ಬಂದಿಲ್ಲ.

ಹೀಗಿರುವಲ್ಲಿ ಈ ಸೀಮೆಯ ಮಗು ಮೊದಲು ಕಾಣುವ ರೈಲು ಆಟದ ರೈಲು. ಜಾತ್ರೆಯ ಅಂಗಡಿಯಲ್ಲಿ ಪೀಪಿ, ಗಿರಗಟ್ಟಲೆ, ಬಣ್ಣದ ಬುಗರಿಗಳ ನಡುವೆ ಚನ್ನಪಟ್ಟಣದ ಮರದ ರೈಲು ಇದ್ದೇ ಇರುತ್ತದೆ. ಹಾಲೆಮರದ ತುಂಡನ್ನು ಚರಕಿಗೆ ಕೊಟ್ಟು ತಿರುವಿ, ಅದು ತಿರುಗುತ್ತಿರುವಾಗಲೇ ಅರಗಿನ ಬಣ್ಣವನ್ನು ಒತ್ತಿ, ತಾಳೆಗರಿಯಿಂದ ಉಜ್ಜಿ ಹೊಳಪು ತಂದ ಎಂಜಿನು, ಅದರ ಹಿಂದೆ ಕೊಂಡಿಯಿಂದ ಕೊಂಡಿಗೆ ಸಿಕ್ಕಿಸಿದ ಎರಡು ಮೂರು ಬೋಗಿಗಳು. ಚನ್ನಪಟ್ಟಣವಾದರೋ ಬೆಂಗಳೂರು-ಮೈಸೂರು ಮಾರ್ಗದಲ್ಲಿಯೇ ಇರುವ ಊರು. ಅಲ್ಲಿಯ ಕುಶಲಿಗನು ದಿನಕ್ಕೆ ಹತ್ತಾರು ರೈಲುಗಳನ್ನು ಕಣ್ಣಾರೆ ಕಾಣುವವನು. ಅದನ್ನು ಕೊಂಡು ದಾರ ಕಟ್ಟಿ ಎಳೆಯುವ ಹನೂರಿನ ಮಗುವಿಗೆ ಮೂಲ ಯಾವುದು, ಪ್ರತಿಕೃತಿ ಯಾವುದು ಎಂಬ ಭೇದವೇ ಇಲ್ಲ. ಮುಂದೊಂದು ದಿನ ಮೈಸೂರಿನ ನಿಲ್ದಾಣದಲ್ಲಿ ನಿಜವಾದ ಬಂಡಿಯನ್ನು ಕಂಡಾಗ, "ಅಯ್ಯೋ, ಎಷ್ಟು ದೊಡ್ಡದಾಗಿ ಮಾಡಿಬಿಟ್ಟಿದ್ದಾರೆ!" ಎಂದು ಆ ಮಗು ಬೆರಗಾದರೆ ಅದರಲ್ಲಿ ತಪ್ಪೇನು?

ದಾರ ಎಳೆಯದೆ ತಾನಾಗಿಯೇ ಓಡುವ ಆಟದ ರೈಲು ಇದೆ. ಗುಂಡಿಯೊತ್ತಿದರೆ ಕೂಗುತ್ತದೆ, ಹೊಗೆ ಬಿಡುತ್ತದೆ, ಹಿಂದಕ್ಕೂ ಮುಂದಕ್ಕೂ ಚಲಿಸುತ್ತದೆ, ಹಾಲಿನ ಕ್ಯಾನುಗಳನ್ನು ತಾನೇ ಇಳಿಸುತ್ತದೆ. ಇಂತಹ ವಿದ್ಯುತ್ ಆಟದ ರೈಲುಗಳನ್ನು ಮನೆಮನೆಯ ವಸ್ತುವಾಗಿ ಮಾಡಿದ ದೇಶ ಅಮೆರಿಕಾ. ಅಲ್ಲಿಯ ಹಳೆಯ ರೈಲುಗಳನ್ನು ಕೂಡಿಟ್ಟು, ಕೆಟ್ಟದ್ದನ್ನು ಸರಿಮಾಡಿ, ಮತ್ತೆ ಹಳಿಯ ಮೇಲೆ ಓಡಿಸುವುದು ಇಂದು ಅನೇಕರಿಗೆ ಬಾಳಿನ ಹವ್ಯಾಸವಾಗಿದೆ. ಅದರ ಕಥೆಗೂ ಈ ಕಾವೇರಿ ತೀರಕ್ಕೂ ಒಂದು ಎಳೆಯ ಸಂಬಂಧವಿದೆಯೆಂದರೆ ಓದುಗರು ನಂಬಲಾರರು. ಆ ಎಳೆ ತಾಮ್ರದ್ದು.

ಕಿಟಕಿಯಲ್ಲಿ ಓಡಿದ ಪೆಟ್ಟಿಗೆ

ವಿದ್ಯುತ್ತಿನಿಂದ ಓಡುವ ಆಟದ ರೈಲನ್ನು ಅಮೆರಿಕಾದಲ್ಲಿ ಮೊದಲು ಮಾಡಿದವನು ಲಯೊನೆಲ್ ಎಂದು ಹಲವರು ತಿಳಿದಿದ್ದಾರೆ. ಅದು ಸರಿಯಲ್ಲ. ಸಿನ್ಸಿನಾಟಿ ನಗರದ ಕಾರ್ಲೈಲ್ ಅಂಡ್ ಫಿಂಚ್ ಎಂಬ ಸಂಸ್ಥೆಯವರು 1896ರ ಸುಮಾರಿಗೇ ಅಂತಹದನ್ನು ಮಾಡಿ ಮಾರುತ್ತಿದ್ದರು. ಆದರೆ ಹೆಸರು ಉಳಿದದ್ದು ಮೊದಲಿಗನದಲ್ಲ, ಮೊಂಡುಹಿಡಿದು ಮಾರಿದವನದು. ಅವನೇ ಜೋಷುವಾ ಲಯೊನೆಲ್ ಕೋವೆನ್.

ಕೋವೆನ್ 1877ರಲ್ಲಿ ನ್ಯೂಯಾರ್ಕಿನಲ್ಲಿ ಹುಟ್ಟಿದವನು. ಯೂರೋಪಿನಿಂದ ವಲಸೆ ಬಂದ ಯೆಹೂದ್ಯ ದಂಪತಿಗಳ ಮಗ. ಬಾಲ್ಯದಲ್ಲಿ ಮರದ ಎಂಜಿನಿಗೆ ಪುಟ್ಟ ಉಗಿಯಂತ್ರವನ್ನು ಅಳವಡಿಸಲು ಹೋಗಿ, ಅದು ಸಿಡಿದು ಅಡುಗೆಮನೆಯ ಗೋಡೆ ಹಾಳಾಯಿತೆಂದು ಒಂದು ಕಥೆಯುಂಟು. ಮಹಾಪುರುಷರ ಬಾಲ್ಯಕ್ಕೆ ಇಂತಹ ಕಥೆಗಳು ಆಮೇಲೆ ಹೇಗೋ ಬಂದು ಅಂಟಿಕೊಳ್ಳುವುದನ್ನು ನಾವು ಬಲ್ಲೆವು. ಆದ್ದರಿಂದ ಅದನ್ನು ಅಲ್ಲಿಗೆ ಬಿಡಬಹುದು. 1900ರಲ್ಲಿ ಅವನು ತನ್ನ ನಡುಹೆಸರಿನಲ್ಲಿ ಒಂದು ಚಿಕ್ಕ ಸಂಸ್ಥೆಯನ್ನು ತೆರೆದನು. ಮರುವರ್ಷ, ಬೀಸಣಿಗೆಗೆಂದು ಮಾಡಿದ ಪುಟ್ಟ ಮೋಟಾರನ್ನು ಒಂದು ಮರದ ಪೆಟ್ಟಿಗೆಯ ಅಡಿಗೆ ಕಟ್ಟಿ, ನಾಲ್ಕು ಗಾಲಿಗಳನ್ನಿಟ್ಟು, ದುಂಡಗೆ ಹಾಸಿದ ಹಳಿಯ ಮೇಲೆ ಓಡಿಸಿದನು. ಅದು ಮಕ್ಕಳಿಗೆಂದು ಮಾಡಿದ್ದಲ್ಲ. ಅಂಗಡಿಯ ಗಾಜಿನ ಕಿಟಕಿಯಲ್ಲಿ ಸರಕುಗಳನ್ನು ಹೊತ್ತು ಸುತ್ತುತ್ತ ದಾರಿಹೋಕರ ಕಣ್ಣು ಸೆಳೆಯಲಿ ಎಂಬುದಷ್ಟೇ ಉದ್ದೇಶ. ಕಣ್ಣು ಸೆಳೆದದ್ದೇನೋ ನಿಜ. ಆದರೆ ಒಳಗೆ ಬಂದ ಗಿರಾಕಿಗಳು ಪೆಟ್ಟಿಗೆಯಲ್ಲಿದ್ದ ಸರಕನ್ನು ಕೇಳಲಿಲ್ಲ, ಪೆಟ್ಟಿಗೆಯನ್ನೇ ಕೇಳಿದರು! ಅಂಗಡಿಯವನು ಕೋವೆನ್ನನ ಬಳಿಗೆ ಮತ್ತಷ್ಟು ಪೆಟ್ಟಿಗೆಗಳಿಗಾಗಿ ಓಡಿ ಬಂದನಂತೆ.

ಆ ರೈಲು ಶುಷ್ಕಕೋಶಗಳಿಂದ ಓಡುತ್ತಿದ್ದಿತು. ಎಷ್ಟೋ ಮನೆಗಳಿಗೆ ಇನ್ನೂ ವಿದ್ಯುತ್ತು ಬಂದಿರಲಿಲ್ಲ. ವಿದ್ಯುಚ್ಛಕ್ತಿ ಎಂಬುದೇ ಒಂದು ಮಾಯೆಯಾಗಿದ್ದ ಕಾಲ ಅದು.

ಅದೇ ಕಾಲದಲ್ಲಿ ಕೊಳ್ಳೇಗಾಲದ ನೆರೆಯಲ್ಲಿ ಇನ್ನೊಂದು ಮಾಯೆ ನಡೆಯುತ್ತಿತ್ತು. ಶಿವನಸಮುದ್ರದಲ್ಲಿ ಕಾವೇರಿಯ ಧುಮುಕನ್ನು ಕೊಳವೆಗಳಿಗೆ ಇಳಿಸಿ, 1902ರ ಜೂನ್ ತಿಂಗಳಲ್ಲಿ ಅಲ್ಲಿಂದ 92 ಮೈಲಿ ದೂರದ ಕೋಲಾರದ ಚಿನ್ನದ ಗಣಿಗಳಿಗೆ ವಿದ್ಯುತ್ತನ್ನು ಕಳುಹಿಸಲಾಯಿತು. ಅಷ್ಟು ದೂರ ವಿದ್ಯುತ್ತನ್ನು ಸಾಗಿಸಿದ ತಂತಿ ಅಂದಿನ ಜಗತ್ತಿನಲ್ಲಿಯೇ ದೊಡ್ಡ ಸೋಜಿಗ. ದಿವಾನ್ ಶೇಷಾದ್ರಿ ಅಯ್ಯರ್ ಅವರು ಹಮ್ಮಿಕೊಂಡ ಕಾರ್ಯ ಅದು. ಅದರ ಬೆಳಕನ್ನು ಕಾಣುವ ಮೊದಲೇ, 1901ರಲ್ಲಿ, ಅವರು ತೀರಿಕೊಂಡರು. ನೀರಿನ ಚಕ್ರಗಳು ಸ್ವಿಟ್ಜರ್ಲೆಂಡಿನಿಂದಲೂ ವಿದ್ಯುದ್ಯಂತ್ರಗಳು ಅಮೆರಿಕಾದ ಜನರಲ್ ಎಲೆಕ್ಟ್ರಿಕ್ ಕಂಪೆನಿಯಿಂದಲೂ ಬಂದವು. ರೈಲಿಲ್ಲದ ದಾರಿಯಲ್ಲಿ ಆ ಭಾರಿ ಯಂತ್ರಗಳನ್ನು ನದಿಯ ದಡಕ್ಕೆ ಸಾಗಿಸುವುದೇ ಒಂದು ಭಗೀರಥ ಪ್ರಯತ್ನವಾಗಿದ್ದಿರಬೇಕು. ನ್ಯೂಯಾರ್ಕಿನ ಕಿಟಕಿಯಲ್ಲಿ ಪೆಟ್ಟಿಗೆ ಸುತ್ತುತ್ತಿದ್ದ ಹೊತ್ತಿನಲ್ಲಿಯೇ ಅದೇ ದೇಶದ ಯಂತ್ರಗಳು ಕೊಳ್ಳೇಗಾಲದಿಂದ ಒಂದು ಗಾಡಿಯ ಪಯಣದಷ್ಟು ದೂರದಲ್ಲಿ ಬಂದು ಕುಳಿತವು.

ಇನ್ನೊಂದು ಸ್ವಾರಸ್ಯವಿದೆ. ವಿದ್ಯುತ್ತಿನ ಪ್ರವಾಹ ಒಂದು ಸೆಕೆಂಡಿಗೆ ಇಷ್ಟು ಬಾರಿ ಎಂದು ದಿಕ್ಕು ಬದಲಿಸುತ್ತ ಆವರ್ತಿಸುತ್ತದೆ. ಈಗ ಭಾರತದಲ್ಲಿ ಅದು 50 ಆವರ್ತ, ಅಮೆರಿಕಾದಲ್ಲಿ 60. ಶಿವನಸಮುದ್ರದ ಮೊದಲ ಯಂತ್ರಗಳು ಕೊಟ್ಟದ್ದು 25 ಆವರ್ತದ ವಿದ್ಯುತ್ತು. ನಯಾಗರ ಜಲಪಾತದ ಮೊದಲ ಯಂತ್ರಗಳದೂ ಅಷ್ಟೇ. ಅಮೆರಿಕಾದ ಕೆಲವು ಭಾಗಗಳಲ್ಲಿ 25 ಆವರ್ತದ ವಿದ್ಯುತ್ತು ಬಹುಕಾಲ ಉಳಿದಿದ್ದುದರಿಂದ ಲಯೊನೆಲ್ ಕಂಪೆನಿಯು ಆ ಊರುಗಳ ಮಕ್ಕಳಿಗಾಗಿ ಬೇರೆಯೇ ಟ್ರಾನ್ಸ್‌ಫಾರ್ಮರುಗಳನ್ನು ಮಾಡಿ ಮಾರುತ್ತಿದ್ದಿತು. ನಯಾಗರದ ಹುಡುಗನ ರೈಲನ್ನು ಓಡಿಸಬಲ್ಲ ಅದೇ ಬಗೆಯ ವಿದ್ಯುತ್ತು ಕೊಳ್ಳೇಗಾಲದ ನೆರೆಯಿಂದಲೇ ಹೊರಟು ಕೋಲಾರಕ್ಕೆ ಹೋಗುತ್ತಿದ್ದಿತು. ಇಲ್ಲಿಯ ಹುಡುಗರು ಮಾತ್ರ ಸೀಮೆಎಣ್ಣೆಯ ಬುಡ್ಡಿಯ ಮುಂದೆ ಕುಳಿತು ಮಗ್ಗಿ ಹೇಳುತ್ತಿದ್ದರು.

ಮೂರು ಹಳಿಯ ಮರ್ಮ

ನಿಜವಾದ ರೈಲಿಗೆ ಎರಡು ಹಳಿ. ಲಯೊನೆಲ್ ರೈಲಿಗೆ ಮೂರು. ಮೊದಲ ಬಾರಿಗೆ ನೋಡಿದವರಿಗೆ ಇದು ಅವಲಕ್ಷಣವೆಂದು ತೋರುತ್ತದೆ. ಆದರೆ ಈ ಮೂರನೆಯ ಹಳಿಯಲ್ಲಿಯೇ ಕೋವೆನ್ನನ ಜಾಣ್ಮೆ ಅಡಗಿದೆ. ವಿದ್ಯುತ್ತು ನಡುವಣ ಹಳಿಯಿಂದ ಎಂಜಿನಿನ ಹೊಟ್ಟೆಯಡಿಯ ಉರುಳೆಗೆ ಏರಿ, ಮೋಟಾರನ್ನು ತಿರುಗಿಸಿ, ಗಾಲಿಗಳ ಮೂಲಕ ಹೊರಗಣ ಎರಡು ಹಳಿಗಳಿಗೆ ಇಳಿದು ಹಿಂದಿರುಗುತ್ತದೆ. ಎರಡೇ ಹಳಿಯಿದ್ದರೆ ಒಂದು ಹೋಗುವ ದಾರಿ, ಇನ್ನೊಂದು ಬರುವ ದಾರಿ. ರೈಲು ಸುತ್ತಿ ಬಂದು ತನ್ನ ಹಳಿಯನ್ನೇ ಎದುರು ದಿಕ್ಕಿನಿಂದ ಕೂಡಿಕೊಳ್ಳುವಂತೆ ಹಾಸಿದರೆ ಹೋಗುವುದೂ ಬರುವುದೂ ಒಂದಕ್ಕೊಂದು ತಗುಲಿ ಕಿಡಿ ಹಾರುತ್ತದೆ. ಮೂರು ಹಳಿಯಾದರೆ ಎಡಬಲಗಳೆರಡೂ ಒಂದೇ. ನಡುವಣದು ಯಾವಾಗಲೂ ನಡುವಣದೇ. ತಂತಿಯ ಗಂಧವರಿಯದ ಎಂಟು ವರ್ಷದ ಬಾಲಕನೂ ಮನಸ್ಸು ಬಂದಂತೆ ಹಳಿ ಜೋಡಿಸಬಹುದು. 1906ರಲ್ಲಿ ಲಯೊನೆಲ್ ಈ ಮೂರು ಹಳಿಯ ಕ್ರಮವನ್ನು ತಂದಿತು. ಹಳಿಗಳ ನಡುವಣ ಅಳತೆ ಎರಡು ಅಂಗುಲಕ್ಕೆ ತುಸು ಹೆಚ್ಚು. ತಾನೊಬ್ಬನೇ ಮಾಡುತ್ತಿದ್ದ ಆ ಅಳತೆಗೆ 'ಪ್ರಮಾಣ ಅಳತೆ' ಎಂದು ಹೆಸರಿಟ್ಟು, ಉಳಿದವರದೆಲ್ಲ ಅಪ್ರಮಾಣವೆಂಬ ಭಾವನೆ ಹುಟ್ಟಿಸಿದ ಕೋವೆನ್ನನ ವ್ಯಾಪಾರ ಚಾತುರ್ಯವನ್ನು ಮೆಚ್ಚಲೇಬೇಕು. ಮುಂದೆ ಜನಪ್ರಿಯವಾದದ್ದು ಇದಕ್ಕಿಂತ ಚಿಕ್ಕದಾದ 'ಓ' ಅಳತೆ. ಅದರ ಅಗಲ ಒಂದೂಕಾಲು ಅಂಗುಲ.

ಎಂಜಿನಿನ ಒಳಗಿರುವ ಮೋಟಾರು ಬಹಳ ಸರಳವಾದದ್ದು. ತಾಮ್ರದ ಎಳೆಯನ್ನು ಸುತ್ತಿದ ತಿರುಗುವ ಆರ್ಮೇಚರ್, ಸುತ್ತಲೂ ನಿಂತ ಇನ್ನೊಂದು ಸುರುಳಿ, ಆರ್ಮೇಚರಿಗೆ ವಿದ್ಯುತ್ತನ್ನು ಮುಟ್ಟಿಸುವ ಎರಡು ಕಾರ್ಬನ್ ಬ್ರಷ್ಷುಗಳು, ಇಷ್ಟೇ. ಕೊಳ್ಳೇಗಾಲವು ರೇಷ್ಮೆಯ ಊರು. ಎಳೆ ತೆಗೆಯುವುದು, ಎಳೆ ಸುತ್ತುವುದು ಎಂದರೇನೆಂದು ಅಲ್ಲಿಯವರಿಗೆ ಹೇಳಿಕೊಡಬೇಕಾಗಿಲ್ಲ. ನೀರೆತ್ತುವ ಪಂಪುಸೆಟ್ಟುಗಳು ಹೊಲಹೊಲಕ್ಕೂ ಬಂದ ಮೇಲೆ ಮೋಟಾರ್ ವೈಂಡಿಂಗ್ ಅಂಗಡಿಯಿಲ್ಲದ ತಾಲ್ಲೂಕು ಕೇಂದ್ರವೇ ಇಲ್ಲ. ಸುಟ್ಟುಹೋದ ಸುರುಳಿಯನ್ನು ಬಿಚ್ಚಿ, ಸುತ್ತುಗಳನ್ನೆಣಿಸಿ, ಅದೇ ದಪ್ಪದ ಹೊಸ ತಾಮ್ರದ ತಂತಿಯನ್ನು ಸುತ್ತುವ ಕೈಗಳಿಗೆ ನ್ಯೂಯಾರ್ಕಿನ ಆಟದ ಎಂಜಿನು ಎದುರಾದರೆ ಅಳುಕಬೇಕಾದ ಕಾರಣವಿಲ್ಲ. ಐದು ಅಶ್ವಶಕ್ತಿಯ ಮೋಟಾರನ್ನು ಸುತ್ತುವವನು ಅಡಕೆಯಷ್ಟು ಆರ್ಮೇಚರನ್ನು ಸುತ್ತುವಾಗ ಕನ್ನಡಕದ ಗಾಜನ್ನು ಒರೆಸಿಕೊಳ್ಳಬೇಕು, ಅಷ್ಟೆ.

ಹಿಂದುಮುಂದಿನ ಚಲನೆಗೆ ಎಂಜಿನಿನೊಳಗೆ ಒಂದು ಪುಟ್ಟ ಡಮರುವಿದೆ. ವಿದ್ಯುತ್ತನ್ನು ಒಮ್ಮೆ ಕಡಿದು ಮತ್ತೆ ಕೊಟ್ಟರೆ ಆ ಡಮರು ಒಂದು ಹಲ್ಲು ತಿರುಗುತ್ತದೆ: ಮುಂದೆ, ನಿಲುಗಡೆ, ಹಿಂದೆ, ಮತ್ತೆ ನಿಲುಗಡೆ. ಇದನ್ನು ಕಂಡುಹಿಡಿದದ್ದು ಲಯೊನೆಲ್ ಅಲ್ಲ. ಅದರ ಪ್ರತಿಸ್ಪರ್ಧಿಯಾಗಿದ್ದ ಐವ್ಸ್ ಕಂಪೆನಿ. ಒಳ್ಳೆಯ ಆಟಿಕೆಗಳನ್ನು ಮಾಡುತ್ತಿದ್ದ ಐವ್ಸ್ 1928ರಲ್ಲಿ ದಿವಾಳಿಯಾಯಿತು. ಡಮರು ಲಯೊನೆಲ್ಲಿನ ಪಾಲಾಯಿತು. ಕೂಗಿನ ಉಪಾಯ ಇನ್ನೂ ಚೆನ್ನ. ಹಳಿಯಲ್ಲಿ ಓಡುತ್ತಿರುವ ಆವರ್ತಕ ವಿದ್ಯುತ್ತಿನೊಡನೆ, ಗುಂಡಿಯೊತ್ತಿದಾಗ, ಒಂದೇ ದಿಕ್ಕಿಗೆ ಹರಿಯುವ ವಿದ್ಯುತ್ತು ಸ್ವಲ್ಪ ಬೆರೆಯುತ್ತದೆ. ಎಂಜಿನಿಗೆ ಅದರ ಪರಿವೆಯಿಲ್ಲ. ಅದರ ಹಿಂದಿನ ಕಲ್ಲಿದ್ದಲ ಗಾಡಿಯಲ್ಲಿ ಕುಳಿತ ಒಂದು ಸೂಕ್ಷ್ಮ ಕೀಲು ಮಾತ್ರ ಆ ಬೆರಕೆಯನ್ನು ಗುರುತು ಹಿಡಿದು ಸೀಟಿಯ ಮೋಟಾರನ್ನು ಎಬ್ಬಿಸುತ್ತದೆ. ಹಾಲು ನೀರುಗಳನ್ನು ಬೇರ್ಪಡಿಸುವ ಹಂಸದಂತೆ.

ಏಳು ಬೀಳು

ಮೊದಲ ಮಹಾಯುದ್ಧದಲ್ಲಿ ಜರ್ಮನಿಯ ಆಟಿಕೆಗಳು ಬರುವುದು ನಿಂತಿತು. ಅಮೆರಿಕಾದ ತಯಾರಕರಿಗೆ ಸುಗ್ಗಿಯಾಯಿತು. 1920ರ ದಶಕದ ತಗಡಿನ ರೈಲುಗಳು ಒಡವೆಗಳಂತೆ ಹೊಳೆಯುತ್ತಿದ್ದವು. ದಪ್ಪ ದಂತಗಾಚಿನ ಬಣ್ಣ, ಹಿತ್ತಾಳೆಯ ಕಟ್ಟು, ತಾಮ್ರದ ಕೊಳವೆಗಳು. ಬಳಿಕ ಆರ್ಥಿಕ ಕುಸಿತ ಬಂದಿತು. 1934ರಲ್ಲಿ ಲಯೊನೆಲ್ ಸಾಲಗಾರರ ಕಣ್ಗಾವಲಿಗೆ ಒಳಗಾಯಿತು. ಆಗ ಅದು ಮಿಕ್ಕಿ ಮೌಸ್, ಮಿನ್ನಿ ಮೌಸ್ ಇಲಿದಂಪತಿಗಳು ಕೈಯಿಂದ ಒತ್ತುವ ಒಂದು ಪುಟ್ಟ ತಳ್ಳುಗಾಡಿಯನ್ನು ಕೇವಲ ಒಂದು ಡಾಲರಿಗೆ ಮಾರಿತು. ಎರಡೂವರೆ ಲಕ್ಷ ಗಾಡಿಗಳು ಹೋದವು. ಇಲಿ ಸಿಂಹವನ್ನು ಬಲೆಯಿಂದ ಬಿಡಿಸಿತೆಂದು ಪತ್ರಿಕೆಗಳು ಬರೆದವು. ಲೆಕ್ಕ ಬಲ್ಲವರು, ಇಲಿಯ ಸಹಾಯ ದೊಡ್ಡದಾದರೂ ಸಿಂಹವೂ ಸಾಕಷ್ಟು ಒದ್ದಾಡಿತ್ತು ಎನ್ನುತ್ತಾರೆ.

ಎರಡನೆಯ ಮಹಾಯುದ್ಧದಲ್ಲಿ, 1942ರಲ್ಲಿ, ಲೋಹದ ಆಟಿಕೆಗಳ ತಯಾರಿಕೆಯೇ ನಿಂತುಹೋಯಿತು. ಕಾರ್ಖಾನೆ ನೌಕಾಪಡೆಗೆ ದಿಕ್ಸೂಚಿಗಳನ್ನು ಮಾಡಿತು. ಮಕ್ಕಳಿಗೆ 1943ರಲ್ಲಿ ಕಾಗದದ ರೈಲು ಸಿಕ್ಕಿತು; ಕತ್ತರಿಸಿ, ಮಡಿಸಿ, ಸೇರಿಸಿ ಕೂಡಿಸಬೇಕು. ಅದನ್ನು ಕೂಡಿಸಲಾರದೆ ತಂದೆಗಳು ತಲೆ ಚಚ್ಚಿಕೊಂಡರಂತೆ. ಇಂದು ಕತ್ತರಿಸದೆ ಉಳಿದ ಆ ಕಾಗದದ ಹಾಳೆಗಳೇ ಸಂಗ್ರಾಹಕರ ನಿಧಿ.

ಸುವರ್ಣಕಾಲ ಬಂದದ್ದು ಯುದ್ಧದ ಮೇಲೆ. 1946ರಲ್ಲಿ ಎಂಜಿನು ಹೊಗೆಯುಗುಳಿತು. ಕಾದ ದೀಪದ ಮೇಲೆ ಒಂದು ಗುಳಿಗೆಯನ್ನು ಹಾಕಿದರೆ ಅದು ಆವಿಯಾಗಿ, ಗಾಲಿಯ ಲಯಕ್ಕೆ ಸರಿಯಾಗಿ ಬುಸುಬುಸು ಹೊರಬರುತ್ತಿದ್ದಿತು. ಕನ್ನಡದಲ್ಲಿ ರೈಲಿಗೆ ಹೊಗೆಬಂಡಿ ಎಂಬ ಚೆಲುವಾದ ಹೆಸರಿದೆ. ಉಗಿಯಂತ್ರಗಳು ಮೂಲೆ ಸೇರಿ, ನಿಜವಾದ ವಿದ್ಯುತ್ ರೈಲಿನಲ್ಲಿ ಹೊಗೆಯ ಸುಳಿವೇ ಇಲ್ಲದಂತಾದ ಮೇಲೆ, ಆ ಹೆಸರಿಗೆ ನ್ಯಾಯವಾಗಿ ಉಳಿದಿರುವ ಹಕ್ಕುದಾರ ಈ ಆಟದ ವಿದ್ಯುತ್ ರೈಲೊಂದೇ. 1947ರಲ್ಲಿ ಹಾಲಿನ ಬೋಗಿ ಬಂದಿತು. ಗುಂಡಿಯೊತ್ತಿದರೆ ಬಾಗಿಲು ತೆರೆದು, ಬಿಳಿಯ ಉಡುಪಿನ ಗುಬ್ಬಿಗಾತ್ರದ ಮನುಷ್ಯನೊಬ್ಬ ಹಾಲಿನ ಕ್ಯಾನನ್ನು ಹೊರಗೆ ತಳ್ಳಿ ಮರೆಯಾಗುತ್ತಾನೆ. ಅದು ಅಪಾರವಾಗಿ ಮಾರಿತು. 1948ರಲ್ಲಿ ಎರಡು ದೊಡ್ಡ ಹಿಡಿಗಳುಳ್ಳ, ನಾಲ್ಕು ರೈಲುಗಳನ್ನು ಒಮ್ಮೆಗೇ ಓಡಿಸಬಲ್ಲ ಟ್ರಾನ್ಸ್‌ಫಾರ್ಮರ್ ಬಂದಿತು. ಎದುರಾಳಿಯಾದ ಅಮೆರಿಕನ್ ಫ್ಲೈಯರ್, ಎ. ಸಿ. ಗಿಲ್ಬರ್ಟನ ಒಡೆತನದಲ್ಲಿ, ನೋಡಲು ನಿಜದಂತಿರುವ ಎರಡೇ ಹಳಿಯ ರೈಲನ್ನು 1946ರಿಂದ ಮಾರುತ್ತಿದ್ದಿತು. ಎರಡು ಹಳಿಯ ಮನೆಯ ಹುಡುಗರಿಗೂ ಮೂರು ಹಳಿಯ ಮನೆಯ ಹುಡುಗರಿಗೂ ಶಾಲೆಯ ಅಂಗಳದಲ್ಲಿ ಜಗಳಗಳಾಗುತ್ತಿದ್ದವು.

1957ರಲ್ಲಿ ಲಯೊನೆಲ್ ಹೆಣ್ಣುಮಕ್ಕಳಿಗಾಗಿ ಒಂದು ರೈಲನ್ನು ಹೊರತಂದಿತು. ಗುಲಾಬಿ ಬಣ್ಣದ ಎಂಜಿನು, ನೇರಿಳೆ, ತಿಳಿನೀಲಿ, ತಿಳಿಹಳದಿ ಬೋಗಿಗಳು. ಒಬ್ಬ ಹುಡುಗಿಯೂ ಬಯಸಲಿಲ್ಲ ಎನ್ನುವಷ್ಟು ಅದು ಸೋತಿತು. ರೈಲನ್ನು ಬಯಸಿದ ಹುಡುಗಿಗೆ ಬೇಕಾದದ್ದು ಕರಿಯ ಎಂಜಿನು, ಅಣ್ಣನ ಕೈಯಲ್ಲಿದ್ದಂತಹುದೇ. ಇದು ಕಾರ್ಖಾನೆಯ ಹಿರಿಯರಿಗೆ ಹೊಳೆಯಲಿಲ್ಲ. ಕೆಲವು ಅಂಗಡಿಯವರು ಮಾರದೆ ಉಳಿದವಕ್ಕೆ ಕಪ್ಪು ಬಣ್ಣ ಬಳಿದು ಮಾರಿದರೆಂದು ಹೇಳುತ್ತಾರೆ. ಆ ಕಾರಣದಿಂದಲೇ ಗುಲಾಬಿ ಬಣ್ಣದ್ದು ಇಂದು ಅಪೂರ್ವ. ಅದನ್ನು ಪಡೆಯಲು ಸಂಗ್ರಾಹಕರು ದೊಡ್ಡ ಹಣ ಸುರಿಯುತ್ತಾರೆ. ಕೊಳ್ಳುವವರಲ್ಲಿ ಹೆಚ್ಚಿನವರು ಗಂಡಸರು.

ಪತನ ಬೇಗನೆ ಬಂದಿತು. ಅದರ ಕಾರಣ ಕೊಳ್ಳೇಗಾಲದವರು ಕಿವಿಗೊಟ್ಟು ಕೇಳಬೇಕಾದದ್ದು. 1956ರಲ್ಲಿ ಅಮೆರಿಕಾ ಸರ್ಕಾರ ದೇಶದ ಉದ್ದಗಲಕ್ಕೂ ಹೆದ್ದಾರಿಗಳನ್ನು ಹಾಸುವ ಕಾನೂನು ಮಾಡಿತು. ಜನ ಕಾರನ್ನೂ ವಿಮಾನವನ್ನೂ ಏರಿದರು. ಊರೂರಿನ ರೈಲು ನಿಲ್ದಾಣಗಳು ಬಿಕೋ ಎಂದವು. ನಿಜವಾದ ರೈಲು ಕಣ್ಮರೆಯಾದ ಊರಿನಲ್ಲಿ ಮಕ್ಕಳು ಆಟದ ರೈಲನ್ನು ಕೇಳುವುದನ್ನೂ ಬಿಟ್ಟರು. ಮೇಜಿನ ಮೇಲೆ ಚಿಕ್ಕ ಮೋಟಾರು ಕಾರುಗಳ ಪಂದ್ಯ ಅವರಿಗೆ ಹೆಚ್ಚು ಹಿಡಿಸಿತು. 1959ರಲ್ಲಿ ಕೋವೆನ್ ತನ್ನ ಪಾಲನ್ನು ಮಾರಿ ಹೊರಬಂದನು, 1965ರಲ್ಲಿ ತೀರಿಕೊಂಡನು. 1967ರಲ್ಲಿ ಗಿಲ್ಬರ್ಟ್ ಕಂಪೆನಿ ಮುಳುಗಿತು. 1969ರಲ್ಲಿ ಲಯೊನೆಲ್ ರೈಲುಗಳನ್ನು ಮಾಡುವ ಹಕ್ಕು ಹಿಟ್ಟು, ಉಪಾಹಾರದ ಧಾನ್ಯ ಮಾರುವ ಜನರಲ್ ಮಿಲ್ಸ್ ಕಂಪೆನಿಯ ಕೈಸೇರಿತು. ಹೆಸರು ಇಂದಿಗೂ ಉಳಿದಿದೆ; ಹೊಸ ರೈಲುಗಳೂ ಬರುತ್ತಿವೆ. ಆದರೆ ಹವ್ಯಾಸಿಗಳು 'ಹಳೆಯದು' ಎಂದಾಗ ಅವರ ಮನಸ್ಸಿನಲ್ಲಿರುವುದು 1969ರ ಹಿಂದಿನದು.

ಕೂಡಿಡುವವರು, ಓಡಿಸುವವರು

1954ರಲ್ಲಿ ಪೆನ್ಸಿಲ್ವೇನಿಯಾದ ಯಾರ್ಡ್ಲಿ ಎಂಬ ಊರಿನಲ್ಲಿ ಕೆಲವರು ಸೇರಿ ಆಟದ ರೈಲು ಸಂಗ್ರಾಹಕರ ಸಂಘವನ್ನು ಕಟ್ಟಿದರು. ಅದರ ವಸ್ತುಸಂಗ್ರಹಾಲಯ ಅದೇ ರಾಜ್ಯದ ಸ್ಟ್ರಾಸ್‌ಬರ್ಗಿನಲ್ಲಿದೆ. ಯಾರ್ಕ್ ಎಂಬ ಊರಿನಲ್ಲಿ ವರ್ಷಕ್ಕೆರಡು ಬಾರಿ ದೊಡ್ಡ ಸಂತೆ ಸೇರುತ್ತದೆ. ದನಗಳ ಜಾತ್ರೆಯಲ್ಲಿ ರೈತರು ಎತ್ತಿನ ಹಲ್ಲು ನೋಡುವಂತೆ ಅಲ್ಲಿ ಎಂಜಿನಿನ ಗಾಲಿ ನೋಡುತ್ತಾರೆ, ಬಣ್ಣದ ಕೆಳಗೆ ಇನ್ನೊಂದು ಬಣ್ಣವಿದೆಯೇ ಎಂದು ಉಗುರಿನಿಂದ ಪರೀಕ್ಷಿಸುತ್ತಾರೆ. ಹೊಸದರಂತಿರುವುದು, ಉತ್ತಮ, ಸಾಧಾರಣ, ಕಳಪೆ ಎಂದು ತರಗತಿಗಳುಂಟು. ಕಿತ್ತಳೆ-ನೀಲಿ ಬಣ್ಣದ ಮೂಲ ರಟ್ಟಿನ ಡಬ್ಬಿಯೊಂದಿದ್ದರೆ ಬೆಲೆ ಎಷ್ಟೋ ಏರುತ್ತದೆ. ಕೆಲವೊಮ್ಮೆ ಬೋಗಿಗಿಂತ ಡಬ್ಬಿಗೇ ಬೆಲೆ ಹೆಚ್ಚು!

ಇಲ್ಲಿ ಎರಡು ಪಂಥಗಳಿವೆ. ಡಬ್ಬಿಯಿಂದ ತೆಗೆಯಬಾರದು, ಗಾಜಿನ ಕಪಾಟಿನಲ್ಲಿಟ್ಟು ಕಾಪಾಡಬೇಕು ಎಂಬುದು ಒಂದು. ಓಡದ ರೈಲು ರೈಲೇ ಅಲ್ಲ ಎಂಬುದು ಇನ್ನೊಂದು. ಎರಡನೆಯ ಪಂಥದ ಮಾತೇ ಹೆಚ್ಚು ಸರಿಯೆಂದು ತೋರುತ್ತದೆ. ನುಡಿಸದ ವೀಣೆಯ ತಂತಿಗೆ ಕಿಲುಬು ಹಿಡಿಯುವಂತೆ ಓಡಿಸದ ಮೋಟಾರಿನ ಎಣ್ಣೆ ಗಟ್ಟಿಯಾಗಿ ಅಂಟಾಗುತ್ತದೆ. ಆದರೂ ಮೊದಲನೆಯ ಪಂಥದವರಿಂದಲೇ ಮೂಲದ ಬಣ್ಣವೂ ಡಬ್ಬಿಯೂ ಮುಂದಿನವರ ಕಣ್ಣಿಗೆ ಬೀಳುವಂತಾಗಿದೆ ಎಂಬುದನ್ನು ಒಪ್ಪಬೇಕು. ಇಂತಹ ರೈಲಿನೊಡನೆ ಆಡಿ ಬೆಳೆದ ತಲೆಮಾರು ಈಗ ಇಳಿವಯಸ್ಸಿನದು. ಅವರ ಅಟ್ಟಗಳಿಂದ ರೈಲುಗಳು ಒಮ್ಮೆಗೇ ಪೇಟೆಗೆ ಇಳಿಯುತ್ತಿರುವುದರಿಂದ ಸಾಮಾನ್ಯ ಬಗೆಯವುಗಳ ಬೆಲೆ ಕುಸಿದಿದೆ.

ಹವ್ಯಾಸದಿಂದ ಮಹೋಪಕಾರವಾದ ಒಂದು ಉದಾಹರಣೆಯೂ ಉಂಟು. ಪ್ರಸಿದ್ಧ ಗಾಯಕ ನೀಲ್ ಯಂಗ್ ಅವರ ಮಗನಿಗೆ ಹುಟ್ಟಿನಿಂದಲೇ ಮೆದುಳಿನ ಪಾರ್ಶ್ವವಾಯು. ಕೈಬೆರಳುಗಳಿಂದ ಹಿಡಿಯನ್ನು ತಿರುಗಿಸಲಾಗದು. ಆ ಮಗನೂ ರೈಲನ್ನು ಓಡಿಸುವಂತಾಗಲಿ ಎಂದು ತಂದೆ ದೊಡ್ಡ ಗುಂಡಿಯೊಂದನ್ನು ಒತ್ತಿದರೆ ಸಾಕಾಗುವ ನಿಯಂತ್ರಕವನ್ನು ಮಾಡಿಸಿದರು. 1995ರಲ್ಲಿ ಲಯೊನೆಲ್ ಕಂಪೆನಿಯನ್ನು ಕೊಂಡವರಲ್ಲಿ ಅವರೂ ಒಬ್ಬರಾದರು.

ಭಾರತದಲ್ಲಿ ವಿದ್ಯುತ್ ಆಟದ ರೈಲಿನ ಹೆಸರು ಹೇಳಿದರೆ ಮೊದಲು ನೆನಪಾಗುವುದು ಗ್ವಾಲಿಯರಿನ ಸಿಂಧಿಯಾ ಅರಸರ ಬೆಳ್ಳಿಯ ರೈಲು. ಇದು ಅಮೆರಿಕಾದ್ದಲ್ಲ, ಇಂಗ್ಲೆಂಡಿನದು. ಜೈವಿಲಾಸ ಅರಮನೆಯ ಊಟದ ಮೇಜಿನ ಮೇಲೆ ಹಳಿ ಹಾಸಿ, ಅತಿಥಿಗಳ ಮುಂದೆ ಮದ್ಯದ ಸೀಸೆಗಳನ್ನೂ ಚುಟ್ಟಾಗಳನ್ನೂ ಹೊತ್ತು ಅದು ಸುತ್ತುತ್ತಿದ್ದಿತು. ಯಾರಾದರೂ ಸೀಸೆಯನ್ನೆತ್ತಿಕೊಂಡರೆ ನಿಲ್ಲುತ್ತಿದ್ದಿತು. ಅರಮನೆಯ ವಸ್ತುಸಂಗ್ರಹಾಲಯದಲ್ಲಿ ಇಂದಿಗೂ ಅದನ್ನು ಕಾಣಬಹುದು. ಅರಸರಲ್ಲದವರಿಗೆ ಪುಣೆಯಲ್ಲಿ ಭಾವೂಸಾಹೇಬ ಜೋಶಿಯವರು ಕಟ್ಟಿದ ಪುಟಾಣಿ ರೈಲುಗಳ ವಸ್ತುಸಂಗ್ರಹಾಲಯವಿದೆ. ಅದು 1998ರಲ್ಲಿ ತೆರೆಯಿತು. ಮೈಸೂರಿನಲ್ಲಿ 1979ರಿಂದ ರೈಲ್ವೆ ವಸ್ತುಸಂಗ್ರಹಾಲಯವಿದೆ. ಆದರೆ ಅಲ್ಲಿರುವವು ಸಾಕ್ಷಾತ್ ಎಂಜಿನುಗಳು, ಸಾಕ್ಷಾತ್ ಮಹಾರಾಣಿಯವರ ಬೋಗಿ.

ವಿದೇಶದಲ್ಲಿರುವ ಬಂಧುಗಳ ಮೂಲಕ ಇಂತಹ ಹಳೆಯ ಅಮೆರಿಕನ್ ರೈಲು ಈ ಕಡೆಯ ಯಾವುದಾದರೂ ಮನೆಗೆ ಬಂದರೆ, ಪೆಟ್ಟಿಗೆ ಬಿಚ್ಚಿದ ಸಂಭ್ರಮದಲ್ಲಿ ಅದರ ಟ್ರಾನ್ಸ್‌ಫಾರ್ಮರನ್ನು ಗೋಡೆಯ ಸಾಕೆಟ್ಟಿಗೆ ನೇರವಾಗಿ ಸಿಕ್ಕಿಸಬಾರದು. ಅದು 120 ವೋಲ್ಟಿನದು, ಇಲ್ಲಿಯದು 230. ಕ್ಷಣಾರ್ಧದಲ್ಲಿ ಹೊಗೆ ಬರುತ್ತದೆ, ಆದರೆ ಅದು ಎಂಜಿನಿನ ಕೊಳವೆಯಿಂದಲ್ಲ. ವೋಲ್ಟನ್ನು ಇಳಿಸುವ ಇನ್ನೊಂದು ಯಂತ್ರವನ್ನು ನಡುವೆ ಇಟ್ಟರೂ ಆವರ್ತದ ವ್ಯತ್ಯಾಸ ಉಳಿಯುತ್ತದೆ; 60 ಆವರ್ತಕ್ಕೆಂದು ಸುತ್ತಿದ ಟ್ರಾನ್ಸ್‌ಫಾರ್ಮರು 50ರಲ್ಲಿ ಹೆಚ್ಚು ಕಾಯುತ್ತದೆ. ಮೇಲಾಗಿ ಎಪ್ಪತ್ತು ವರ್ಷದ ರಬ್ಬರು ಹೊದಿಕೆಯ ತಂತಿ ಮುಟ್ಟಿದರೆ ಹಪ್ಪಳದಂತೆ ಪುಡಿಯಾಗುತ್ತದೆ. ಅದನ್ನು ನಂಬಿ ಮಗುವಿನ ಕೈಗೆ ಕೊಡುವುದು ಹುಚ್ಚುತನ. ಉತ್ತಮವಾದ ದಾರಿಯೆಂದರೆ, ಹಳೆಯ ಟ್ರಾನ್ಸ್‌ಫಾರ್ಮರನ್ನು ನೋಡಲು ಇಟ್ಟು, 230 ವೋಲ್ಟಿನಿಂದ 18 ವೋಲ್ಟಿಗೆ ಇಳಿಯುವ, ಎರಡು ಬೇರೆಬೇರೆ ಸುತ್ತುಗಳುಳ್ಳ ಹೊಸದನ್ನು ಬಲ್ಲವರಿಂದ ಮಾಡಿಸಿ, ಫ್ಯೂಸನ್ನೂ ಹಾಕಿಸುವುದು. ಎರಡು ಸುತ್ತು ಬೇರೆಯಾಗಿರಲೇಬೇಕು. ಒಂದೇ ಸುತ್ತಿನ ನಡುವಿನಿಂದ ಕವಲು ತೆಗೆದದ್ದು ಅಗ್ಗ, ಆದರೆ ಅದರಲ್ಲಿ ಗೋಡೆಯ ವಿದ್ಯುತ್ತೇ ಹಳಿಯ ಮೇಲೆ ಬಂದು ಕೂರುವ ಅಪಾಯವಿದೆ.

ಎಂಜಿನಿನ ಆರೈಕೆ ಕಷ್ಟವಲ್ಲ. ಹಳೆಯ ಜಿಡ್ಡನ್ನು ಒರೆಸಿ, ಅಚ್ಚುಗಳಿಗೆ ಹೊಲಿಗೆಯಂತ್ರದ ಎಣ್ಣೆಯನ್ನು ಒಂದೊಂದೇ ತೊಟ್ಟು ಬಿಡಬೇಕು. ಹೆಚ್ಚಾದರೆ ಅದು ಬ್ರಷ್ಷಿಗೆ ಹರಿದು ಎಂಜಿನು ಮುನಿಯುತ್ತದೆ. ತಗಡಿನ ಹಳಿಗೆ ಮಳೆಗಾಲದಲ್ಲಿ ತುಕ್ಕು ಬರುತ್ತದೆ. ಒರಟು ಬಟ್ಟೆಯಿಂದ ಉಜ್ಜಬೇಕು, ಉಕ್ಕಿನ ನಾರನ್ನು ಬಳಸಬಾರದು, ಅದರ ಚೂರುಗಳು ಗಾಲಿಯ ಅಯಸ್ಕಾಂತಕ್ಕೂ ಮೋಟಾರಿಗೂ ಹತ್ತಿಕೊಳ್ಳುತ್ತವೆ. 1920-30ರ ದಶಕಗಳ ಕೆಲವು ಎರಕದ ಭಾಗಗಳಿಗೆ ಮದ್ದಿಲ್ಲದ ಒಂದು ರೋಗವಿದೆ. ಸತುವಿನಲ್ಲಿ ಸೀಸ ಬೆರೆತುಹೋಗಿ, ವರ್ಷಗಳು ಕಳೆದಂತೆ ಎರಕ ಉಬ್ಬಿ, ಬಿರುಕು ಬಿಟ್ಟು, ಕೊನೆಗೆ ಪುಡಿಯಾಗುತ್ತದೆ. ಅಂತಹ ಗಾಲಿಗಳನ್ನು ಬದಲಿಸುವುದೊಂದೇ ಉಪಾಯ. ಹಳೆಯ ಬಣ್ಣಗಳಲ್ಲಿಯೂ ಸೀಸವಿರಬಹುದು. ಎಲ್ಲವನ್ನೂ ಬಾಯಿಗೆ ಹಾಕಿಕೊಳ್ಳುವ ಎಳೆಗೂಸಿನಿಂದ ಅವನ್ನು ದೂರವಿಡಬೇಕು. ಎಳೆಯರಿಗೆ ಚನ್ನಪಟ್ಟಣದ್ದೇ ವಾಸಿ.

ಸ್ಥಳ ಹೆಚ್ಚೇನೂ ಬೇಡ. ಚಿಕ್ಕ ಸುತ್ತಿನ ಹಳಿಯ ಅಡ್ಡಳತೆ 27 ಅಂಗುಲ. ನಡುಮನೆಯ ಮೂಲೆಯಲ್ಲಿ ಒಂದು ಹಲಗೆ ಸಾಕು. ಹಲಗೆಯ ಮೇಲೆ ಬೆಟ್ಟ, ಸೇತುವೆ, ಕೆರೆ, ಗುಡಿಗಳನ್ನು ಮಾಡಿ ತಮ್ಮ ಊರನ್ನೇ ನಿರ್ಮಿಸುವುದು ಓಡಿಸುವವರ ಪರಮಾನಂದ. ಅಮೆರಿಕಾದವರು ರೈಲು ಬಿಟ್ಟುಹೋದ ತಮ್ಮ ಹಳ್ಳಿಗಳ ನಿಲ್ದಾಣಗಳನ್ನು ಹಾಗೆ ಮತ್ತೆ ಕಟ್ಟುತ್ತಾರೆ. ಈ ಸೀಮೆಯವರು ಕಟ್ಟುವುದಾದರೆ ಹೆಜ್ಜಾಲದಿಂದ ಹೊರಟ ಹಳಿಗೆ ಶಿವನಸಮುದ್ರದ ಬಳಿ ಕಾವೇರಿಗೊಂದು ಸೇತುವೆ ಹಾಕಬೇಕು. ಅದನ್ನು ದಾಟಿದರೆ ಕೊಳ್ಳೇಗಾಲ, ಆಮೇಲೆ ಯಳಂದೂರು. ಮಂಜೂರಾದ ಮಾರ್ಗದಲ್ಲಿ ಹನೂರಿಲ್ಲ. ಹಲಗೆಯ ಮೇಲೆ ಅದಕ್ಕೊಂದು ಕವಲುಹಳಿ ಹಾಕಲು ಯಾರ ಅಪ್ಪಣೆಯೂ ಬೇಡ. ಹಳದಿ ಹಲಗೆಯ ಮೇಲೆ ಕಪ್ಪು ಅಕ್ಷರದಲ್ಲಿ ಊರ ಹೆಸರನ್ನು ಬರೆಯುವಾಗ ಕನ್ನಡವನ್ನು ಮೇಲೆ ಬರೆದು, ಬಣ್ಣ ಚೆನ್ನಾಗಿ ಒಣಗುವವರೆಗೆ ರೈಲನ್ನು ಬಿಡದಿದ್ದರಾಯಿತು. ಇಲ್ಲವಾದರೆ ಹೊಗೆಯ ಎಣ್ಣೆ ತಗುಲಿ ಅಕ್ಷರ ಕದಡುತ್ತದೆ.